ನಮ್ಮ ಹಸುವಿನ ರಷ್ಯಾ ಸ್ಟೇಷನ್ನು

ಇನ್ನೊಬ್ಬರ ದನಿಯಲ್ಲಿ ಮಾತಾಡಿ ಹೊಟ್ಟೆ ಹೊರೆಯುವವರಿಗೆ ಒಂದು ಶಾಪವಿದೆ. ನಮ್ಮ ಸ್ವಂತ ದನಿಯನ್ನು ಮನೆಯಲ್ಲಿ ಯಾರೂ ನಂಬುವುದಿಲ್ಲ. ನಿಜವಾಗಿಯೂ ಹಸಿವಾಗಿ "ಅವ್ವಾ, ಮುದ್ದೆ ಹಾಕು" ಎಂದರೆ ಒಲೆಯ ಮುಂದಿನಿಂದ, "ಇದ್ಯಾರ್ದ್ಲಾ ದನಿ, ಕೆಂಪಣ್ಣಂದಾ?" ಎಂಬ ಪ್ರಶ್ನೆ ಬರುತ್ತದೆ. ತಪ್ಪು ನನ್ನದೇ. ಪಾಂಡವಪುರಕ್ಕೂ ಕೆ.ಆರ್. ಪೇಟೆಗೂ ನಡುವಿನ ನಮ್ಮೂರಿನಲ್ಲಿ ನಾನು ಅಣಕಿಸದೆ ಬಿಟ್ಟ ಗಂಟಲಿಲ್ಲ. ಬಸ್ಸಿನ ಕಂಡಕ್ಟರು, ಡೈರಿಯ ಸೆಕ್ರೆಟರಿ, ಮೈಕಿನ ಮುಂದೆ ನಿಂತರೆ ಕೆಮ್ಮುವ ಮೇಷ್ಟ್ರು, ಚಳಿಯಲ್ಲಿ ಸ್ಟಾರ್ಟ್ ಆಗದ ಟ್ರಾಕ್ಟರು, ಎಲ್ಲರೂ ನನ್ನ ಗಂಟಲಿನಲ್ಲಿ ಬಾಡಿಗೆಗಿದ್ದಾರೆ. ನನ್ನ ಉದ್ಯೋಗವನ್ನು ಕಾರ್ಡಿನಲ್ಲಿ 'ಮಿಮಿಕ್ರಿ ಕಲಾವಿದ' ಎಂದು ಅಚ್ಚು ಹಾಕಿಸಿದ್ದೇನೆ. ನಿಜ ಹೇಳಬೇಕೆಂದರೆ, ಆರತಕ್ಷತೆಗೆ ಗಂಡು ಹೆಣ್ಣು ಅಲಂಕಾರ ಮುಗಿಸಿ ಬರುವ ತನಕ ಜನ ಎದ್ದು ಊಟದ ಹಾಲಿಗೆ ನುಗ್ಗದಂತೆ ತಡೆಯುವುದೇ ನನ್ನ ಕೆಲಸ. ಶ್ರೀರಂಗಪಟ್ಟಣದಿಂದ ನಾಗಮಂಗಲದವರೆಗೆ ನನ್ನನ್ನು ಕೇಳಿದ ಸಾವಿರಾರು ಜನರಲ್ಲಿ ಮೈಮರೆತು ಕೇಳಿದವರು ಒಬ್ಬರೇ. ಅವರಿಗೆ ನಾಲ್ಕು ಕಾಲು, ಒಂದು ಬಾಲ.

ಆ ಶ್ರೋತೃವಿನ ವಿಷಯಕ್ಕೆ ಬರುವ ಮುಂಚೆ ನಮ್ಮ ತಾತನ ರೇಡಿಯೋದ ವಿಷಯ ಹೇಳಬೇಕು. ತಾತ ಪ್ರಾಯದಲ್ಲಿ ಉತ್ತರದ ಕಡೆ ಒಂದು ಉಕ್ಕಿನ ಕಾರ್ಖಾನೆಯಲ್ಲಿ ದುಡಿದವನು. ಅಲ್ಲಿ ಯಂತ್ರ ಕೂರಿಸಲು ಬಂದಿದ್ದ ರಷ್ಯಾದವರಲ್ಲಿ ವಾಸಿಲಿ ಎಂಬೊಬ್ಬನಿದ್ದ. ತಾತನ ಬಾಯಲ್ಲಿ ಅವನು ವಾಸಣ್ಣ. ತಾತನಿಗೆ ರಷ್ಯನ್ ಬಾರದು, ವಾಸಣ್ಣನಿಗೆ ಕನ್ನಡ ಬಾರದು. ಆದ್ದರಿಂದ ಇಬ್ಬರಿಗೂ ಒಂದು ದಿನವೂ ಜಗಳವಾಗಲಿಲ್ಲ. ತಾತ ಉಪ್ಪಿಟ್ಟು ಕೆದಕಿ ಕೊಟ್ಟರೆ ಅವನು ತಟ್ಟೆ ನೆಕ್ಕುತ್ತಿದ್ದನಂತೆ. ಊರಿಗೆ ಹೊರಟ ದಿನ ತನ್ನ ರೇಡಿಯೋವನ್ನು ತಾತನ ತೋಳಿಗೆ ಕೊಟ್ಟು, ಏನೋ ಹೇಳಿ, ಕಣ್ಣೊರೆಸಿಕೊಂಡು ಹೋದನಂತೆ. "ಏನು ಹೇಳಿದ ತಾತ?" ಎಂದರೆ ತಾತ, "ನಂಗೇನ್ ಗೊತ್ಲಾ, ನಾನೂ ಊಂ ಅಂದೆ" ಎನ್ನುತ್ತಾನೆ. ಅಂಥ ರೇಡಿಯೋ ಅದು. ಎರಡು ಇಟ್ಟಿಗೆ ಸೇರಿಸಿದಷ್ಟು ದಪ್ಪ, ಚರ್ಮದ ಕವಚ, ತಿರುಗಿಸಿದರೆ ಬೀಗ ತೆಗೆದಂತೆ ಕಟಕ್ ಎನ್ನುವ ಗುಂಡಿ. ಮೇಲಿನ ಬರಹದಲ್ಲಿ ಅರ್ಧ ಅಕ್ಷರಗಳು ಕನ್ನಡಿಯಲ್ಲಿ ನೋಡಿದಂತೆ ತಿರುಗಿ ನಿಂತಿವೆ. ನಾನು ಚಿಕ್ಕವನಿದ್ದಾಗ ರಷ್ಯಾದವರು ನನ್ನ ಹಾಗೆಯೇ ಕಾಪಿ ಬರೆಯುವುದರಲ್ಲಿ ಕಚ್ಚಾ ಎಂದುಕೊಂಡು ಸಮಾಧಾನಪಟ್ಟಿದ್ದೆ.

ಆ ರೇಡಿಯೋದಲ್ಲಿ ಈಗ ಹಾಡಿಲ್ಲ, ವಾರ್ತೆಯಿಲ್ಲ. ದೇಶದೇಶದ ಸ್ಟೇಷನ್ನುಗಳು ಒಂದೊಂದಾಗಿ ಅಂಗಡಿ ಮುಚ್ಚಿಕೊಂಡು ಹೋದವು. ಉಳಿದದ್ದು ಒಂದು ಜಾಗ. ಅಲ್ಲಿ ಮುಳ್ಳು ನಿಲ್ಲಿಸಿದರೆ "ಗ್ರೂಂ... ಗ್ರೂಂ... ಗ್ರೂಂ..." ಎಂಬ ಸದ್ದು, ಉಸಿರು ಬಿಡುವಷ್ಟು ಹೊತ್ತು ಸುಮ್ಮನಿದ್ದು ಮತ್ತೆ ಗ್ರೂಂ. ಇಡೀ ದಿನ ಇದೇ. ಎಂಟು ಹತ್ತು ದಿನಕ್ಕೊಮ್ಮೆ ಸದ್ದು ಥಟ್ಟನೆ ನಿಂತು, ಒಬ್ಬ ಗಂಡಸು ರಷ್ಯನ್ನಿನಲ್ಲಿ ಒಂದಿಷ್ಟು ಹೆಸರು, ಒಂದಿಷ್ಟು ಅಂಕಿ ಒಪ್ಪಿಸಿ ಹೋಗುತ್ತಾನೆ. ಅದು ಮಿಲಿಟರಿಯವರ ಗುಪ್ತ ಸಂಕೇತವೆಂದೂ ಯಾರಿಗೆ ಯಾಕೆ ಹೇಳುತ್ತಾರೆಂದು ಜಗತ್ತಿಗೇ ತಿಳಿಯದೆಂದೂ ನಾನು ಫೋನಿನಲ್ಲಿ ಓದಿ ತಾತನಿಗೆ ವಿವರಿಸಿದೆ. ಡೈರಿ ಸೆಕ್ರೆಟರಿ ಅದನ್ನು ಕೇಳಿಸಿಕೊಂಡು, ಅಲ್ಲೂ ಹಾಲಿನ ಫ್ಯಾಟು ಓದುತ್ತಿರಬೇಕು ಎಂದರು. ತಾತ ಮಾತ್ರ ತನ್ನದನ್ನು ಬಿಡಲಿಲ್ಲ. "ಅದು ವಾಸಣ್ಣನೇ ಇರ್ಬೋದು, ಇಲ್ದೆನೂ ಇರ್ಬೋದು. ಅಂತೂ ಆ ಕಡೆ ಯಾವನೋ ಒಬ್ಬ ಎದ್ದವ್ನೆ ಅಂತ ಗೊತ್ತಾಯ್ತದಲ್ಲ, ಸಾಕು ಬುಡು."

ಈ ಗ್ರೂಂ ಸದ್ದಿಗೂ ನಮ್ಮ ಹಸು ಚುಕ್ಕಿಗೂ ಗಂಟು ಬಿದ್ದದ್ದು ಆಕಸ್ಮಿಕ. ಬೆಳಿಗ್ಗೆ ಸಂಜೆ ಅವ್ವ ಹಾಲು ಕರೆಯುವಾಗ ತಾತ ಗೊಂತಿನ ಪಕ್ಕದ ಕಲ್ಲಿನ ಮೇಲೆ ರೇಡಿಯೋ ಇಟ್ಟುಕೊಂಡು ಕೂರುತ್ತಿದ್ದ. ಅದರ ಏರಿಯಲ್ ತಂತಿಯನ್ನು ತೆಂಗಿನಮರಕ್ಕೆ ಸುತ್ತಿತ್ತು. ಮೊದಲ ಕರುವಿನಿಂದಲೂ ಕೇಳಿ ಕೇಳಿ ಚುಕ್ಕಿಗೆ ಎಂಥ ಅಭ್ಯಾಸವಾಯಿತೆಂದರೆ, ಗ್ರೂಂ ಎಂದರೆ ಹಾಲು ಇಳಿಸುವುದು, ಇಲ್ಲದಿದ್ದರೆ ಮೇಲೆಳೆದುಕೊಂಡು ಕಲ್ಲಿನಂತೆ ನಿಲ್ಲುವುದು. ಈ ಮನೆಯಲ್ಲಿ ತಾತನಿಗೆ ಉಳಿದಿದ್ದ ಕೆಲಸವೂ ಅದೊಂದೇ. ಕಬ್ಬಿನ ಗದ್ದೆ ಅಪ್ಪನ ಪಾಲಾಗಿತ್ತು, ಕೊಟ್ಟಿಗೆ ಅವ್ವನದು. ತಾತ ಮುಳ್ಳು ತಿರುಗಿಸಬೇಕು, ಹಾಲು ಇಳಿಯಬೇಕು. ಇಳಿದ ಮೇಲೆ ತಾನೇ ಕರೆದವನಂತೆ ಕೈ ಒರೆಸಿಕೊಂಡು ಕಾಫಿಗೆ ಬರುತ್ತಿದ್ದ. ಆ ಸದ್ದು ಕೇಳಿದರೆ ತಲೆ ಸಿಡಿಯುತ್ತದೆ ಎನ್ನುವ ಅವ್ವ ಕೂಡ, "ಹಾಲು ಕೊಡಿಸ್ತದೆ ಅಂತ ಮಡಗಿವ್ನಿ. ಕೊಡಿಸ್ದೆ ಇದ್ದ ದಿನ ಗುಜರಿಯವ್ನಿಗೆ" ಎಂದು ಎಚ್ಚರಿಕೆ ಕೊಟ್ಟೇ ಅದನ್ನು ಸಹಿಸಿದ್ದಳು.

ಅಂಥದ್ದನ್ನು ನಾನು ಕೆಡಿಸಿದೆ. ಬಾಬುರಾಯನಕೊಪ್ಪಲಿನ ಒಂದು ಮದುವೆಯಲ್ಲಿ ಹೊಸ ಐಟಂ ಇರಲಿ ಎಂದು ತಾತನನ್ನು ಕಾಡಿ ರೇಡಿಯೋ ಹೊತ್ತೊಯ್ದೆ. ವೇದಿಕೆಯಲ್ಲಿ ಅದನ್ನಿಟ್ಟು ರಷ್ಯಾ ಗೂಢಚಾರನ ದನಿ ಮಾಡಿದೆ. ಇಡೀ ಮಂಟಪ ಗಂಭೀರವಾಗಿ ಕುಳಿತಿತ್ತು. ಮುಂದಿನ ಸಾಲಿನ ಯಜಮಾನರೊಬ್ಬರು, "ಏನಪ್ಪಾ, ಮೈಕ್ ಕೆಟ್ಟದಾ?" ಎಂದು ಕೇಳಿದ್ದೊಂದೇ ಪ್ರತಿಕ್ರಿಯೆ. ಆ ಅವಮಾನದಲ್ಲಿ ಬಸ್ಸಿನಲ್ಲಿ ತೂಕಡಿಸುವಾಗ ರೋಡ್ ಹಂಪ್ ಬಂತು. ತೊಡೆಯ ಮೇಲಿದ್ದ ರಷ್ಯಾ ಕೆಳಗೆ ಬಿತ್ತು. ಮನೆಗೆ ತಂದು ಗುಂಡಿ ತಿರುಗಿಸಿದರೆ ಕಟಕ್ ಎಂದಿತೇ ಹೊರತು ಇನ್ನೇನೂ ಇಲ್ಲ. ತಾತ ಬಯ್ಯಲಿಲ್ಲ. ರೇಡಿಯೋ ಅಲುಗಾಡಿಸಿ ಒಳಗೆ ಏನೋ ಗಡಗಡ ಎನ್ನುವುದನ್ನು ಕೇಳಿಸಿಕೊಂಡು, "ಅಲ್ಲಿಂದ ಇಲ್ಲಿಗಂಟ ಬಂದಿದ್ದು, ಕೊಪ್ಪಲಿಂದ ಬರಕ್ಕಾಗ್ಲಿಲ್ವಾ" ಎಂದು ರೇಡಿಯೋವನ್ನೇ ಕೇಳಿದ. ಬಯ್ದಿದ್ದರೆ ಆ ಬೈಗುಳವನ್ನಾದರೂ ಅಣಕಿಸಿ ಹಗುರವಾಗುತ್ತಿದ್ದೆ.

ಸಂಜೆ ಚುಕ್ಕಿ ಹಾಲು ಇಳಿಸಲಿಲ್ಲ. ಫೋನಿನಲ್ಲಿ ಆ ಸದ್ದನ್ನು ಹುಡುಕಿ ಹಾಕಿದೆ. ಎರಡು ನಿಮಿಷ ಕಿವಿ ನಿಮಿರಿಸಿತು, ಕೆಚ್ಚಲು ಸಡಿಲವಾಯಿತು. ಅಷ್ಟರಲ್ಲಿ ಯಾವುದೋ ಬನಿಯನ್ನಿನ ಜಾಹೀರಾತು ಅರಚಿಕೊಂಡಿತು. ಚುಕ್ಕಿ ಒದ್ದ ಬಕೆಟ್ಟು ಕಣಗಿಲೆ ಗಿಡದ ಬುಡಕ್ಕೆ ಹೋಗಿ ನಿಂತಿತು. "ಕೆಚ್ಚಲು ಬಾತುಕೊಂಡ್ರೆ ಏನ್ ಮಾಡೋದ್ಲಾ? ಇಂಜೆಕ್ಷನ್ ಚುಚ್ಚಿಸ್ಬೇಕಾ?" ಎಂದು ಅವ್ವ ನನ್ನನ್ನು ನೋಡಿದಳು. ತಾತ, "ಇಂಜೆಕ್ಷನ್ ಬ್ಯಾಡ. ಊರೋರ್ನೆಲ್ಲ ಅಣಕಿಸ್ತಾನಲ್ಲ ಇವ್ನು, ಕೂರ್ಸು ಇಲ್ಲಿ" ಎಂದ.

ಹೀಗೆ ನಾನು ಗೊಂತಿನ ಪಕ್ಕದ ಕಲ್ಲಿನ ಮೇಲೆ ಕೂತೆ. ಜೀವನದಲ್ಲಿ ಅಷ್ಟು ಕಠಿಣ ಪ್ರೇಕ್ಷಕರನ್ನು ಕಂಡಿಲ್ಲ. ಗ್ರೂಂ ಎಂದೆ. ಚುಕ್ಕಿ ತಿರುಗಿ ನೋಡಿ, ಮೂಸಿ, ಮುಖ ತಿರುಗಿಸಿತು. ತಾತ ನಿರ್ದೇಶಕನಾದ. "ವಾಸಣ್ಣ ಅಂಗೆ ಆತುರ ಬೀಳಕಿಲ್ಲ. ಒಸಿ ತಡ್ಕೊ. ಹೊಟ್ಟೆಯಿಂದ ತಗಿ, ಮೂಗಿಂದಲ್ಲ." ಮೂರನೆಯ ಹೊತ್ತಿಗೆ ಸದ್ದು ಹೊಟ್ಟೆಗಿಳಿಯಿತು. ನನ್ನಲ್ಲಿ ಯಂತ್ರವಿಲ್ಲದ ಕಾರಣ ಪ್ರತಿ ಗ್ರೂಂ ಕೊನೆಗೆ ಒಂದು ಉಸಿರಿನ ಬಾಲ ಸೇರಿಕೊಳ್ಳುತ್ತಿತ್ತು, "ಗ್ರೂಂಊಂಹ್" ಅಂತ, ಹೆಚ್ಚುಕಮ್ಮಿ ಕರು ಕೂಗಿದ ಹಾಗೆ. ಆ ಬಾಲ ಕೇಳಿದ್ದೇ ಚುಕ್ಕಿ ಕಣ್ಣು ಅರ್ಧ ಮುಚ್ಚಿತು. ಬಕೆಟ್ಟಿನಲ್ಲಿ ನೊರೆ ಎದ್ದಿತು. ನನ್ನ ಬದುಕಿನ ಮೊದಲ ನಿಜವಾದ ಚಪ್ಪಾಳೆ ಆ ಹಾಲಿನ ಸದ್ದು. ಕಲಾವಿದನಿಗೆ ಚಪ್ಪಾಳೆ ಸಿಕ್ಕರೆ ಸೊಕ್ಕು ಬರುತ್ತದೆ. ಒಂದು ದಿನ ಗ್ರೂಂ ನಿಲ್ಲಿಸಿ ಗಂಭೀರ ದನಿಯಲ್ಲಿ, "ಗೋವಿಂದನಹಳ್ಳಿ... ಏಳು... ಬೆಳ್ಳೂರು ಕ್ರಾಸ್... ತಟ್ಟೆ ಇಡ್ಲಿ... ನಾಲ್ಕು" ಎಂದು ರಷ್ಯನ್ ಧಾಟಿಯಲ್ಲಿ ಓದಿದೆ. ತಾತ ನಗಲಿಲ್ಲ. "ರಷ್ಯಾದಲ್ಲಿ ಗೋವಿಂದನಹಳ್ಳಿ ಎಲ್ಲದೆ ಲಾ? ಬಾಯ್ಮುಚ್ಕೊಂಡು ಗ್ರೂಂ ಅನ್ನು" ಎಂದ.

ರೇಡಿಯೋವನ್ನು ನಾಗಮಂಗಲದ ಒಬ್ಬ ಆಚಾರ್ರ ಹತ್ತಿರ ಕೊಟ್ಟಿದ್ದೆ. ಅವರದು ಚಿನ್ನದ ಕೆಲಸದ ಮನೆತನ. ರೆಡಿಮೇಡ್ ಒಡವೆ ಬಂದ ಮೇಲೆ ರೇಡಿಯೋ ರಿಪೇರಿಗೆ ತಿರುಗಿಕೊಂಡಿದ್ದರು. ಮೂಗುತಿಗೆ ಹರಳು ಕೂರಿಸುವ ಚಿಮಟದಲ್ಲೇ ರಷ್ಯಾದ ತಂತಿ ಹಿಡಿದು, ಉಸಿರು ಬಿಗಿಹಿಡಿದು ಬೆಸುಗೆ ಹಾಕುತ್ತಿದ್ದರು. ಒಂದು ವಾರವೆಂದವರು ಮೂರು ವಾರ ಮಾಡಿದರು. ಹೋಗಿ ನೋಡಿದರೆ ಅಂಗಡಿಯಲ್ಲಿ ಗ್ರೂಂ ಗ್ರೂಂ. "ರೆಡಿಯಾಗಿ ಎಂಟು ದಿನ ಆಯ್ತು ಕಣಪ್ಪ" ಎಂದು ಆಚಾರ್ರು ಸಂಕೋಚಪಟ್ಟರು. "ನಡುವೆ ಒಬ್ಬ ಬಂದು ಏನೋ ಹೇಳ್ದ. ಪೂರ್ತಿ ಹೇಳ್ಲಿಲ್ಲ ಅನ್ನಿಸ್ತು. ಮಿಕ್ಕಿದ್ದು ಕೇಳ್ಕೊಂಡು ಕೊಡಾನ ಅಂತ ಮಡಿಕ್ಕೊಂಡಿದ್ದೆ."

ಆ ಸಂಜೆ ತಾತ ಒಗೆದ ಪಂಚೆ ಉಟ್ಟು ಬಂದ. ತಂತಿ ಸಿಕ್ಕಿಸಿ, ಮುಳ್ಳು ತಿರುಗಿಸಿ, ವಾಸಣ್ಣನನ್ನು ಹಿಡಿದೇಬಿಟ್ಟ. ಅಸಲಿ ರಷ್ಯಾ ಗ್ರೂಂ ಎಂದಿತು. ಚುಕ್ಕಿ ಕಿವಿ ಅಲ್ಲಾಡಿಸಿತು, ಇನ್ನೂ ಏನೋ ಬರಬೇಕೆಂಬಂತೆ ಕಾಯಿತು. ಆ ಉಸಿರಿನ ಬಾಲಕ್ಕಾಗಿ ಕಾಯುತ್ತಿದೆ ಎಂದು ನನಗೆ ಹೊಳೆಯಿತು. ಬಾಲ ಬರಲಿಲ್ಲ, ಹಾಲೂ ಬರಲಿಲ್ಲ. ಮರುಬೆಳಿಗ್ಗೆಯೂ ಅದೇ ಕಥೆ. ತಾತ ಸೌಂಡು ಜಾಸ್ತಿ ಮಾಡಿದ, ಕಮ್ಮಿ ಮಾಡಿದ, ತಂತಿಯನ್ನು ಇನ್ನೊಂದು ಮರಕ್ಕೆ ಸುತ್ತಿದ. ಕೊನೆಗೆ ರೇಡಿಯೋ ಆರಿಸಿ, ಚರ್ಮದ ಕವಚಕ್ಕೆ ಗುಂಡಿ ಹಾಕುತ್ತಾ, "ನಿಮ್ಮವ್ವ ಗುಜರಿಯವ್ನ ಕೂಗಿದ್ರೆ ಕೂಗ್ಲಿ ಬುಡು" ಎಂದ. ಕಾಫಿಗೆ ಬರಲಿಲ್ಲ. ಅವ್ವ ತಾನು ಹಾಕಿದ ಬೆದರಿಕೆಯನ್ನು ತಾನೇ ಮರೆತವಳಂತೆ ಸೊಪ್ಪು ಬಿಡಿಸುತ್ತಾ ಕೂತಳು. ನಾನು ನನ್ನ ಕಲೆಯಿಂದ ಮೊದಲ ಬಾರಿಗೆ ಒಬ್ಬರ ಕೆಲಸ ಕಿತ್ತುಕೊಂಡಿದ್ದೆ.

ಅಂದು ಸಂಜೆ, "ಇನ್ನೊಂದ್ಸಲ ಹಾಕಿ ನೋಡು ತಾತ" ಎಂದು ಅವನನ್ನು ಒಪ್ಪಿಸಿ, ನಾನು ಕೊಟ್ಟಿಗೆಯ ಹಿಂದೆ, ಒಟ್ಟಿದ ಒಣಹುಲ್ಲಿನ ಮರೆಯಲ್ಲಿ ಕೂರಲು ಶುರುಮಾಡಿದೆ. ತಾತ ರೇಡಿಯೋ ಹಾಕುತ್ತಾನೆ. ರಷ್ಯಾ ಗ್ರೂಂ ಎನ್ನುತ್ತದೆ. ಅದರ ಕೊನೆಗೆ ಸರಿಯಾಗಿ ನಾನು "ಊಂಹ್" ಎಂದು ಬಾಲ ಅಂಟಿಸುತ್ತೇನೆ. ಹಾಲು ಇಳಿಯುತ್ತದೆ. ತಾತ ಕೈ ಒರೆಸಿಕೊಂಡು ಕಾಫಿಗೆ ಹೋಗುತ್ತಾನೆ. ಒಂದು ತಿಂಗಳು ಹೀಗೇ ನಡೆಯಿತು. ಇದಕ್ಕಾಗಿ ಸಂಜೆಯ ಮೂರು ಆರತಕ್ಷತೆ ಬಿಟ್ಟೆ. ಬೆಳಗಿನ ಮುಹೂರ್ತಗಳಿಗೆ ಹುಲ್ಲಿನ ಕಡ್ಡಿ ಸಿಕ್ಕಿದ ತಲೆಯಲ್ಲೇ ಹೋದೆ. ಮೈತುಂಬ ನವೆ. ಆದರೂ ನನ್ನ ಅಭಿನಯ ಯಾರಿಗೂ ಗೊತ್ತಾಗದಷ್ಟು ಚೆನ್ನಾಗಿದೆಯಲ್ಲ ಎಂದು ಒಳಗೊಳಗೇ ಬೀಗುತ್ತಿದ್ದೆ.

ಮೊನ್ನೆ ಮಳೆಯಲ್ಲಿ ಬೈಕಿನಲ್ಲಿ ಬಂದದ್ದಕ್ಕೆ ನನ್ನ ಗಂಟಲು ಕಟ್ಟಿತ್ತು. ಆದರೂ ಹುಲ್ಲಿನ ಹಿಂದೆ ಹಾಜರಾದೆ. ರಷ್ಯಾ ಗ್ರೂಂ ಎಂದಿತು. ನಾನು ಒಡೆದ ಪೀಪಿಯಂತೆ "ಖ್ಖಹ್" ಎಂದೆ. ಚುಕ್ಕಿ ಪಾಪ, ಅಷ್ಟಕ್ಕೇ ಹಾಲು ಇಳಿಸಿತು. ತಾತ ರೇಡಿಯೋಗೆ ಕಿವಿ ಹಚ್ಚಿ ಕೇಳಿ, ನಿಧಾನಕ್ಕೆ ಸೌಂಡು ಇಳಿಸಿ, ಅವ್ವನಿಗೆ ಹೇಳಿದ: "ವಾಸಣ್ಣಂಗೆ ಯಾಕೋ ಸೀತ ಆದಂಗದೆ ಕಣವ್ವ. ಒಸಿ ಮೆಣಸು ಶುಂಠಿ ಕುಟ್ಟಿ ಕಷಾಯ ಕಾಯ್ಸು. ಹುಲ್ಲಿನ ಹಿಂದ್ಗಡೆ ಮಡಗ್ಬುಡು, ಅಲ್ಲೇ ಕುಡ್ಕತಾನೆ."

ಅವ್ವ ಕೆಚ್ಚಲಿನಿಂದ ಕೈ ತೆಗೆಯಲಿಲ್ಲ, ತಲೆಯೂ ಎತ್ತಲಿಲ್ಲ. "ಬೆಲ್ಲ ಹಾಕ್ಲಾ ಮಾವ? ರಷ್ಯಾದೋರಿಗೆ ಬರೀ ಖಾರ ಆಯ್ತದೋ ಇಲ್ವೋ" ಎಂದಳು.

ನಾನು ಹುಲ್ಲಿನಲ್ಲಿ ಅಲ್ಲಾಡದೆ ಕೂತಿದ್ದೆ. ಈಗ ಎದ್ದು ಬಂದರೆ ತಾತನ ರೇಡಿಯೋದ ಮಾನ ಹೋಗುತ್ತದೆ, ಕೂತರೆ ನನ್ನದು ಹೋಗುತ್ತದೆ. ನನ್ನದು ಹೋಗಲಿ ಎಂದುಕೊಂಡೆ. ಬೆಲ್ಲ ಬೇಕು ಎನ್ನುವುದನ್ನು ರಷ್ಯನ್ನಿನಲ್ಲಿ ಹೇಗೆ ಹೇಳುತ್ತಾರೋ ತಿಳಿಯದೆ, ಇದ್ದ ಗಂಟಲಿನಲ್ಲೇ ಉದ್ದಕ್ಕೆ ಎರಡು ಸಲ ಗ್ರೂಂ ಎಂದೆ. ಕಷಾಯದ ಲೋಟದ ತಳದಲ್ಲಿ ಎರಡು ಅಚ್ಚು ಬೆಲ್ಲವಿತ್ತು.