ಈ ಪತ್ರ ತರುತ್ತಿರುವವರು

ಶಾಸಕರು ಬೆಳಿಗ್ಗೆ ಆರೂಮುಕ್ಕಾಲಿಗೆ ತಮ್ಮ ಕನ್ನಡಕದ ಮೇಲೆ ತಾವೇ ಕೂತುಬಿಟ್ಟರು. ಬೇರೆ ಯಾರಾದರೂ ಕೂತಿದ್ದರೆ ನಾಲ್ಕು ಬೈದು ಸಮಾಧಾನ ಮಾಡಿಕೊಳ್ಳಬಹುದಿತ್ತು. ಪಾಪ, ಆ ಭಾಗ್ಯವೂ ಇಲ್ಲ. ಎರಡೂ ಗಾಜು ಪುಡಿಪುಡಿ. ಹೊರಗೆ ವರಾಂಡದಲ್ಲಿ ಆಗಲೇ ಮೂವತ್ತು ಜನ ಕೆಮ್ಮುತ್ತಾ ಕಾಯುತ್ತಿದ್ದರು.

ಈ ಮನುಷ್ಯನಿಗೆ ಹುಟ್ಟಿದಾಗಿನಿಂದ ಒಂದೇ ಒಂದು ಮಾತು ಬರುವುದಿಲ್ಲ. ಅದು 'ಇಲ್ಲ' ಅನ್ನುವ ಮಾತು. ಐದು ವರ್ಷದ ಹಿಂದೆ ಪಕ್ಷದವರು "ನೀವೇ ನಿಲ್ಲಿ" ಅಂದಾಗ ಇಲ್ಲ ಅನ್ನಲಾಗದೆ ನಿಂತರು. ಅಂಥವರ ಮುಖ ನೋಡಿ ಇಲ್ಲ ಅನ್ನಲಾಗದೆ ಜನರೂ ಗೆಲ್ಲಿಸಿಬಿಟ್ಟರು. ಅಂದಿನಿಂದ ಬಾಗಿಲಿಗೆ ಬಂದವರಿಗೆಲ್ಲ ಒಂದೇ ಉತ್ತರ: "ಆಯ್ತು, ಮಾಡೋಣ ಬಿಡಿ." ಅದರ ಜೊತೆಗೆ ಒಂದು ಶಿಫಾರಸು ಪತ್ರ.

ಪತ್ರ ಟೈಪ್ ಮಾಡುವುದು ಪಿ.ಎ. ಕೆಲಸ. ಮೊದಮೊದಲು ಅವನು ಪತ್ರದಲ್ಲಿ ಹೆಸರು ಹಾಕುತ್ತಿದ್ದ. ಹೆಸರು ತಪ್ಪಾಯ್ತು, ಅಪ್ಪನ ಹೆಸರು ಬಿಟ್ಟುಹೋಯ್ತು ಅಂತ ದಿನಾ ಜಗಳ. ರೋಸಿಹೋಗಿ ಎಲ್ಲರಿಗೂ ಒಂದೇ ಒಕ್ಕಣೆ ಮಾಡಿಟ್ಟ: "ಈ ಪತ್ರ ತರುತ್ತಿರುವವರು ನನಗೆ ಚೆನ್ನಾಗಿ ಪರಿಚಿತರು. ಪ್ರಾಮಾಣಿಕರು, ಜನರ ಕಷ್ಟ ಬಲ್ಲವರು. ಇವರ ಕೋರಿಕೆಯನ್ನು ಈಡೇರಿಸಿಕೊಡಬೇಕಾಗಿ ವಿನಂತಿ." ಕೋರಿಕೆ ಏನು ಅನ್ನುವುದು ಮಾತ್ರ ಮೇಲ್ಗಡೆ ಒಂದು ಸಾಲಿನಲ್ಲಿ ಇರುತ್ತಿತ್ತು. ನಲ್ಲಿ ಸಂಪರ್ಕವೋ, ವರ್ಗಾವಣೆಯೋ, ಕಾಲೇಜು ಸೀಟೋ. ಅವತ್ತು ಶಾಸಕರು ಮೂವತ್ತು ಪತ್ರಕ್ಕೂ ಪಿ.ಎ. ಬೆರಳು ಇಟ್ಟು ತೋರಿಸಿದ ಕಡೆ ಕಣ್ಣು ಕಿರಿದು ಮಾಡಿ ಸಹಿ ಹಾಕಿದರು.

ಒಂಬತ್ತು ಗಂಟೆಗೆ ಅಡುಗೆಮನೆಯಿಂದ ಹೆಂಡತಿ ಬಂದರು. ಪತ್ರಗಳ ಪ್ರತಿಗಳನ್ನು ಫೈಲಿಗೆ ಹಾಕುವುದು ಅವರ ಕೆಲಸ. ಆ ಮನೆಯಲ್ಲಿ ಪತ್ರ ಓದುವವರು ಅವರೊಬ್ಬರೇ.

"ರೀ, ಇದೇನ್ರೀ ಇದು?" ಅಂದರು. ಒಂದು ಪ್ರತಿ ಎತ್ತಿ ಹಿಡಿದು ಓದಿದರು. "ಮಾನ್ಯ ಪಕ್ಷದ ಅಧ್ಯಕ್ಷರಿಗೆ. ವಿಷಯ: ಬರುವ ಚುನಾವಣೆಯಲ್ಲಿ ನನ್ನ ಕ್ಷೇತ್ರದ ಟಿಕೆಟ್ಟನ್ನು ನನಗೆ ಬದಲಾಗಿ ಈ ಪತ್ರ ತರುತ್ತಿರುವವರಿಗೆ ನೀಡುವ ಬಗ್ಗೆ!"

"ನಾನು ಸಹಿ ಹಾಕಿದೀನಾ?"

"ಸೊಗಸಾಗಿ ಹಾಕಿದೀರಿ. ಕೆಳಗೆ ಗೆರೆ ಬೇರೆ ಎಳೆದಿದೀರಿ."

ಪಿ.ಎ.ಯನ್ನು ಕರೆಸಿದರು. ಅವನು ತಲೆ ಕೆರೆದುಕೊಂಡ. "ಎದುರುಮನೆ ಟೈಲರ್ ಕೇಳಿದ್ರು ಸಾರ್. ನೀವೇ ಅಲ್ವಾ, ಯಾರು ಏನು ಕೇಳಿದ್ರೂ ಇಲ್ಲ ಅನ್ಬೇಡ ಅಂದಿದ್ದು?"

ಶಾಸಕರು ಕುರ್ಚಿಯಲ್ಲಿ ಕುಸಿದರು. ಅವತ್ತು ಸಂಜೆ ಐದಕ್ಕೆ ಅಧ್ಯಕ್ಷರು ಅಭ್ಯರ್ಥಿಗಳ ಪಟ್ಟಿ ಮುಗಿಸುವವರಿದ್ದರು. ಶಾಸಕರು ತಮಗೇ ಟಿಕೆಟ್ ಕೊಡಿ ಅಂತ ಕೇಳುವ ಒಂದು ಪುಟದ ಅರ್ಜಿಯನ್ನು ಲಕೋಟೆಗೆ ಹಾಕಿ, ಜುಬ್ಬದ ಜೇಬಿನಲ್ಲಿ ಇಟ್ಟುಕೊಂಡಿದ್ದರು. ಆಸೆ ಏನೂ ದೊಡ್ಡದಲ್ಲ. ಊರ ಪಕ್ಕದ ಹಳ್ಳಕ್ಕೆ ಒಂದು ಸೇತುವೆ ಶುರುಮಾಡಿಸಿದ್ದರು. ಮೂರು ಕಂಬ ಎದ್ದು ಕೆಲಸ ನಿಂತುಹೋಗಿತ್ತು. ಆಚೆ ದಡದ ಮಕ್ಕಳು ಇವತ್ತಿಗೂ ಪುಸ್ತಕ ತಲೆ ಮೇಲಿಟ್ಟುಕೊಂಡು ನೀರಿಗಿಳಿದು ಶಾಲೆಗೆ ಬರುತ್ತಿದ್ದವು. ಅದೊಂದು ಮುಗಿಸಿಬಿಟ್ಟರೆ ಸಾಕು, ಆಮೇಲೆ ಮನೆಯಲ್ಲಿ ಕಾಲು ಚಾಚಿ ಕೂರುತ್ತೇನೆ ಅಂತ ಹೆಂಡತಿಗೆ ಮಾತು ಕೊಟ್ಟಿದ್ದರು.

"ಎದ್ದೇಳಿ! ಹೋಗಿ ಆ ಪತ್ರ ಇಸ್ಕೊಂಡು ಬನ್ನಿ," ಅಂದರು ಹೆಂಡತಿ. "ಮೊದಲು ಕನ್ನಡಕ ಮಾಡಿಸ್ಕೊಳ್ಳಿ."

"ಈಗ ಕನ್ನಡಕಕ್ಕೆಲ್ಲಿದೆಯೇ ಟೈಮು?" ಅನ್ನುತ್ತಾ ಕಾರು ಹತ್ತಿದರು.

ಡ್ರೈವರ್ ಹನ್ನೆರಡು ವರ್ಷದಿಂದ ಇವರ ಜೊತೆಗಿದ್ದವನು, ಇವರು ಇನ್ನೂ ಶಾಸಕರೇ ಆಗದಿದ್ದ ಕಾಲದಿಂದ. ಸಂಗತಿ ಕೇಳಿ ಅವನಿಗೇ ಸಿಟ್ಟು ಬಂತು. ಟೈಲರ್ ಅಂಗಡಿಗೆ ಬೀಗ. ಕ್ಷೌರದಂಗಡಿಗೆ ಹೋದ ಅಂದರು ಪಕ್ಕದವರು. ಅಲ್ಲಿಗೆ ಹೋದರೆ, ಮುಖ ಮಿಂಚುವ ಹಾಗೆ ಮಾಡಿಸಿಕೊಂಡು ಫೋಟೋ ಸ್ಟುಡಿಯೋಗೆ ಹೋದ ಅಂದರು.

ಹೋಗುವುದೇನು ಸುಲಭವೇ? ಪ್ರತಿ ತಿರುವಿನಲ್ಲೂ ಯಾರೋ ಒಬ್ಬರು ಕಾರಿಗೆ ಅಡ್ಡ. ಆದರೆ ಎಲ್ಲರೂ ಬಗ್ಗುತ್ತಿದ್ದುದು ಮುಂದಿನ ಕಿಟಕಿಗೆ. "ಡ್ರೈವರಣ್ಣಾ, ನನ್ನ ಪಿಂಚಣಿ ಏನಾಯ್ತಪ್ಪಾ?" ಅಂತ ಒಬ್ಬ ಅಜ್ಜಿ ಕೇಳಿದಳು.

"ತಾಲೂಕು ಕಚೇರಿ ಎರಡನೇ ಮಹಡಿ, ಕಿಟಕಿ ಪಕ್ಕದ ಮೇಜಲ್ಲಿದೆ ಅಜ್ಜಿ. ಸೋಮವಾರ ಹೋಗು, ಹೆಬ್ಬೆಟ್ಟು ಒತ್ತಿದ್ರೆ ಮುಗೀತು."

ಹಿಂದಿನ ಸೀಟಿನಲ್ಲಿ ಶಾಸಕರು ಮಂಜಾದ ಕಣ್ಣಿಂದ ರಸ್ತೆಯ ಎರಡೂ ಬದಿಗೆ ಕೈ ಬೀಸುತ್ತಿದ್ದರು. "ಆ ದಪ್ಪನೆಯವರಿಗೆ ಎರಡು ಸಲ ಬೀಸಿದೆ ಕಣಪ್ಪಾ, ಮುಖ ತಿರುಗಿಸಲೇ ಇಲ್ಲ. ನನ್ನ ಮೇಲೇನಾದ್ರೂ ಕೋಪವೇ?"

"ಅದು ನೀರಿನ ಟ್ಯಾಂಕು ಸಾರ್."

ಸ್ಟುಡಿಯೋದಲ್ಲಿ ಟೈಲರ್ ತಾನೇ ಹೊಲಿದ ಕೋಟು ತೊಟ್ಟು, ಗಲ್ಲಕ್ಕೆ ಕೈ ಕೊಟ್ಟು ನಾಡಿನ ಚಿಂತೆಯೆಲ್ಲ ತನ್ನದೇ ಅನ್ನುವ ಹಾಗೆ ಕೂತಿದ್ದ. ಶಾಸಕರನ್ನು ಕಂಡದ್ದೇ ಓಡಿಬಂದು ಕಾಲಿಗೆರಗಿದ. "ಸಾರ್! ಆಶೀರ್ವಾದ ಮಾಡೋಕೆ ನೀವೇ ಬಂದ್ರಾ! ನನ್ನ ಹೆಂಡತಿ ನಂಬಲೇ ಇಲ್ಲ, ಅವರ ಟಿಕೆಟ್ಟನ್ನ ನಿಮಗ್ಯಾಕೆ ಕೊಡ್ತಾರ್ರೀ ಅಂದ್ಳು. ನಾನಂದೆ, ಅವರು ಅಂಥ ಮನುಷ್ಯ ಕಣೇ ಅಂತ."

ಪತ್ರ ವಾಪಸ್ ಕೊಡಯ್ಯಾ ಅನ್ನಬೇಕು ಅಂತ ಶಾಸಕರು ಬಾಯಿ ತೆರೆದರು. "ಅದು... ಕೋಟು ಚೆನ್ನಾಗಿದೆ," ಅಂದರು.

"ಪ್ರಚಾರಕ್ಕೂ ನೀವೇ ಬರ್ಬೇಕು ಸಾರ್!"

"ಆಯ್ತು, ಮಾಡೋಣ ಬಿಡಿ."

ಡ್ರೈವರ್ ಹಣೆ ಚಚ್ಚಿಕೊಂಡ. ಸ್ಟೂಲು ಎಳೆದು ಟೈಲರ್ ಎದುರು ಕೂತ. "ಅಲ್ಲಾ ಟೈಲರಣ್ಣ, ಮಲಗೋದು ಎಷ್ಟೊತ್ತಿಗೆ?"

"ಹತ್ತಕ್ಕೆ."

"ಮರೆತುಬಿಡು. ಬೆಳಗಿನ ಜಾವ ಐದಕ್ಕೆ ಬಾಗಿಲು ತಟ್ತಾರೆ. ಚರಂಡಿ ಕಟ್ಕೊಂಡ್ರೆ ನಿನಗೇ ಫೋನು. ಗಂಡ ಹೆಂಡ್ತಿ ಜಗಳ ಆಡಿದ್ರೆ ಇಬ್ರೂ ನಿನ್ನ ಹತ್ರಾನೇ ಬರ್ತಾರೆ, ಇಬ್ರಿಗೂ ನೀನು ಸರಿ ಅನ್ಬೇಕು. ನಿನ್ನೆ ಒಂದೇ ದಿನ ಐದು ಮದುವೆ, ಮೂರು ಸಾವು. ಯಾವ ಮನೇಲಿ ನಗ್ಬೇಕು, ಯಾವ ಮನೇಲಿ ಅಳ್ಬೇಕು ಅಂತ ಸಾಹೇಬ್ರಿಗೆ ನಾನು ಕಾರಲ್ಲೇ ಹೇಳಿಕೊಡ್ತೀನಿ. ಆಮೇಲೆ, ಕತ್ತರಿ ಹಿಡಿಯೋ ಹಾಗಿಲ್ಲ. ಕೊನೇ ಸಲ ಯಾವಾಗ ಹೊಟ್ಟೆ ತುಂಬ ಬಿಸಿ ಊಟ ಮಾಡಿದ್ರು ಅಂತ ಸಾಹೇಬ್ರನ್ನೇ ಕೇಳು."

ಟೈಲರ್ ಶಾಸಕರ ಮುಖ ನೋಡಿದ. ಅವರು ನಿಜವಾಗಿಯೂ ಯೋಚನೆ ಮಾಡುತ್ತಿದ್ದರು, ನೆನಪಾಗಲಿಲ್ಲ. ಟೈಲರ್ ಬೆವರಿದ. ಕೋಟಿನ ಒಳಜೇಬಿನಿಂದ ಲಕೋಟೆ ತೆಗೆದು, "ಬೇಡ ಸಾರ್, ನನಗೆ ಹೊಲಿಗೆ ಮಿಷಿನ್ನೇ ಸಾಕು," ಅಂತ ಅವರ ಕೈಗಿಟ್ಟ.

ಅಲ್ಲೇ ಹರಿದು ಬಿಸಾಕಬಹುದಿತ್ತು. ಆದರೆ ಪಾಪದವನ ಕಣ್ಣೆದುರೇ ಹರಿದರೆ ನೊಂದುಕೊಳ್ಳುತ್ತಾನೆ ಅಂತ ಶಾಸಕರು ಅದನ್ನೂ ಜುಬ್ಬದ ಜೇಬಿಗೇ ತುರುಕಿಕೊಂಡರು. ಕಾರಿನಲ್ಲಿ ಕೂತಾಗ ಅವರಿಗೆ ಡ್ರೈವರ್ ಮೇಲೆ ಪ್ರೀತಿ ಉಕ್ಕಿಬಂತು. "ನೀನಿಲ್ಲದಿದ್ರೆ ನನ್ನ ಗತಿ ಏನಾಗ್ತಿತ್ತೋ ಮಾರಾಯಾ! ಈ ಋಣ ಒಂದಲ್ಲ ಒಂದು ದಿನ ತೀರಿಸ್ತೀನಿ."

"ಇರಲಿ ಬಿಡಿ ಸಾರ್," ಅಂದ ಡ್ರೈವರ್, ನಾಚಿಕೊಂಡು.

ದಾರಿಯುದ್ದಕ್ಕೂ ನಿಂತು ನಿಂತು ಪಕ್ಷದ ಕಚೇರಿ ಮುಟ್ಟಿದಾಗ ನಾಲ್ಕೂವರೆ. ಗೇಟಿನಲ್ಲೇ ಬಸ್ ಕಂಡಕ್ಟರುಗಳ ಗುಂಪೊಂದು ಮುತ್ತಿಕೊಂಡಿತು. ಹನ್ನೊಂದು ಪುಟದ ಮನವಿ. "ಕನ್ನಡಕ ಇಲ್ಲ, ಓದೋಕಾಗಲ್ಲ," ಅಂದದ್ದೇ ತಪ್ಪಾಯಿತು. "ಅದಕ್ಕೇನಂತೆ ಸಾರ್, ನಾವೇ ಓದ್ತೀವಿ!" ಅಂತ ಅವರ ಮುಖಂಡ ಗಂಟಲು ಸರಿಮಾಡಿಕೊಂಡು ಶುರುಮಾಡಿದ. ನಾಲ್ಕನೇ ಪುಟಕ್ಕೆ ಬರುವಾಗ ಗಡಿಯಾರ ನಾಲ್ಕೂ ಮುಕ್ಕಾಲು ಬಾರಿಸಿತು. ನಡುವೆ ಬಾಯಿ ಹಾಕಲು ಮನಸ್ಸು ಬರಲಿಲ್ಲ. ಶಾಸಕರು ಜೇಬಿಗೆ ಕೈ ಹಾಕಿ, ಲಕೋಟೆ ತೆಗೆದು, ಡ್ರೈವರ್ ಕೈಗೆ ಕೊಟ್ಟು ಪಿಸುಗುಟ್ಟಿದರು: "ಓಡು. ಅಧ್ಯಕ್ಷರ ಕೈಗೇ ಕೊಡು. ಐದು ಗಂಟೆ ಒಳಗೆ!"

ಡ್ರೈವರ್ ಓಡಿದ.

ಹನ್ನೊಂದು ಪುಟ ಮುಗಿಯಿತು. "ಆಯ್ತು, ಮಾಡೋಣ ಬಿಡಿ" ಕೂಡ ಆಯಿತು. ಐದೂಕಾಲಾದರೂ ಡ್ರೈವರ್ ಬರಲಿಲ್ಲ. ಇನ್ನು ಆ ಟೈಲರ್ ಪತ್ರವನ್ನಾದರೂ ಹರಿದು ಹಾಕೋಣ ಅಂತ ಶಾಸಕರು ಉಳಿದ ಲಕೋಟೆಯಿಂದ ಕಾಗದ ತೆಗೆದರು. ಯಾಕೋ ಅನುಮಾನ ಬಂತು. ಮೂಗಿಗೆ ತಾಗುವಷ್ಟು ಹತ್ತಿರ ಹಿಡಿದು ನೋಡಿದರು. 'ಅರ್ಧಕ್ಕೆ ನಿಂತ ಸೇತುವೆಯನ್ನು ಪೂರ್ಣಗೊಳಿಸಲು ನನಗೆ ಇನ್ನೊಂದು ಅವಕಾಶ...' ಇದು ತಮ್ಮದೇ ಅರ್ಜಿ! ಡ್ರೈವರ್ ಒಯ್ದದ್ದು ಟೈಲರ್ ಪತ್ರ.

ಆ ಹೊತ್ತಿಗೆ ಡ್ರೈವರ್ ಮೆಟ್ಟಿಲಿಳಿದು ಬಂದ. ಕೈಯಲ್ಲಿ ಹೂಗುಚ್ಛ, ಕಣ್ಣಲ್ಲಿ ನೀರು.

"ಸಾರ್, ಅಧ್ಯಕ್ಷರು ಪತ್ರ ಗಟ್ಟಿಯಾಗಿ ಓದಿದ್ರು. ಈ ಪತ್ರ ತರುತ್ತಿರುವವರು ಜನರ ಕಷ್ಟ ಬಲ್ಲವರು ಅಂತ. ನಾನು ಬರೀ ಡ್ರೈವರ್ ಅಂದೆ. ಹಾಗಾದ್ರೆ ಕ್ಷೇತ್ರದ ಬಗ್ಗೆ ಹೇಳಿ ನೋಡೋಣ ಅಂದ್ರು. ಯಾವ ಬೀದಿಗೆ ದೀಪ ಇಲ್ಲ, ಯಾವ ಅಜ್ಜಿಗೆ ಪಿಂಚಣಿ ಇಲ್ಲ, ನನಗೆ ಗೊತ್ತಿರೋದೆಲ್ಲ ಹೇಳಿದೆ. ಮೊದಲು ಏನು ಮಾಡ್ತೀರಿ ಅಂದ್ರು. ನಮ್ಮ ಸಾಹೇಬ್ರ ಸೇತುವೆ ಅಂದೆ. ಮೇಜು ಕುಟ್ಟಿ, ಇಂಥವರೇ ಬೇಕಿತ್ತು ಅಂತ ಪಟ್ಟೀಲಿ ಹೆಸರು ಬರೆದೇಬಿಟ್ರು!"

"ನೀನು... ಬೇಡ ಅನ್ನಲಿಲ್ವೇನೋ?"

"ಅನ್ನೋಣ ಅಂತಲೇ ಬಾಯಿ ತೆಗೆದೆ ಸಾರ್. ಹನ್ನೆರಡು ವರ್ಷ ನಿಮ್ಮ ಜೊತೆ ಇದ್ದೋನಿಗೆ ಆ ಮಾತು ಎಲ್ಲಿಂದ ಬರ್ಬೇಕು? ಆಯ್ತು, ಮಾಡೋಣ ಬಿಡಿ ಅಂತ ಬಂದುಬಿಡ್ತು." ಡ್ರೈವರ್ ಶಾಸಕರ ಎರಡೂ ಕೈ ಹಿಡಿದುಕೊಂಡ. "ಋಣ ತೀರಿಸ್ತೀನಿ ಅಂದಾಗ ಬಾಯಿಮಾತು ಅಂದ್ಕೊಂಡೆ. ಟೈಲರ್ ಕೈಯಿಂದ ಪತ್ರ ಇಸ್ಕೊಂಡು ನನಗೆ ಕೊಡ್ತೀರಿ ಅಂತ ಕನಸಲ್ಲೂ ಎಣಿಸಿರ್ಲಿಲ್ಲ. ಹೆತ್ತ ಅಪ್ಪನೂ ಇಷ್ಟು ಮಾಡಲ್ಲ ಸಾರ್."

ಶಾಸಕರು ತಮ್ಮ ಅರ್ಜಿಯನ್ನು ಮೆಲ್ಲಗೆ ಮಡಿಸಿ ಜೇಬಿಗೆ ಹಾಕಿಕೊಂಡರು. ಅದು ತಪ್ಪಾಗಿ ಕೊಟ್ಟಿದ್ದು ಕಣಪ್ಪಾ ಅನ್ನಬೇಕು. ಅನ್ನಲೇಬೇಕು. ಆ ಒದ್ದೆ ಮುಖ ಕನ್ನಡಕ ಇಲ್ಲದೆಯೂ ಅವರಿಗೆ ಸ್ಪಷ್ಟವಾಗಿ ಕಾಣುತ್ತಿತ್ತು. ಸಂಕಟದ ಪಕ್ಕದಲ್ಲೇ ಏನೋ ಒಂಥರಾ ಹೆಮ್ಮೆ.

"ಸೇತುವೆ ಮುಗಿಸ್ತೀಯಲ್ಲ?" ಅಂದರು.

"ಮುಗಿಸ್ತೀನಿ ಸಾರ್, ನಿಮ್ಮಾಣೆ." ಡ್ರೈವರ್ ಕಣ್ಣೊರೆಸಿಕೊಂಡ. ಆಮೇಲೆ ನೆಲ ನೋಡುತ್ತಾ, ಕಾರಿನ ಕೀ ಬೆರಳಲ್ಲಿ ತಿರುವುತ್ತಾ ನಿಂತ. "ಇನ್ನೊಂದು ವಿಷಯ ಸಾರ್, ಹೇಗೆ ಕೇಳೋದೋ ಗೊತ್ತಾಗ್ತಿಲ್ಲ. ನಾಳೆ ಏಳು ಗಂಟೆಯಿಂದ ಪ್ರಚಾರ. ಅಭ್ಯರ್ಥಿ ತಾನೇ ಗಾಡಿ ಓಡಿಸಬಾರದು, ಜನರಿಗೆ ಕೈ ಬೀಸಬೇಕು ಅಂತ ಅಧ್ಯಕ್ಷರು ಕಟ್ಟುನಿಟ್ಟಾಗಿ ಹೇಳಿದಾರೆ. ದಿಢೀರಂತ ಯಾವ ಡ್ರೈವರ್ ಸಿಗ್ತಾನೆ? ನೀವೇ ಒಂದೆರಡು ತಿಂಗಳು..."

ಶಾಸಕರು ಬಾಯಿ ತೆರೆದರು. ಮನೆಯಲ್ಲಿ ಕಾಯುತ್ತಿದ್ದ ಹೆಂಡತಿಯ ಮುಖ ಕಣ್ಣ ಮುಂದೆ ಬಂತು. ಜನ್ಮದಲ್ಲಿ ಒಂದೇ ಒಂದು ಸಲ ಇಲ್ಲ ಅಂದುಬಿಡೋಣ ಅಂತ ಉಸಿರು ಎಳೆದುಕೊಂಡರು.

"ಆಯ್ತು," ಅಂದರು, "ಮಾಡೋಣ ಬಿಡಿ."

ಡ್ರೈವರ್ ಕೀ ಅವರ ಅಂಗೈಗಿಟ್ಟ. ಹಿಂದಿನ ಸೀಟಿನ ಬಾಗಿಲು ತೆಗೆದು ಒಂದು ಕಾಲು ಒಳಗಿಟ್ಟವನು, ಏನೋ ನೆನಪಾಗಿ ಹೊರಗೆ ತೆಗೆದ.

"ಆದ್ರೆ ಸಾರ್, ಬೆಳಿಗ್ಗೆ ಏಳರೊಳಗೆ ಒಂದು ಕನ್ನಡಕ ಮಾಡಿಸ್ಕೊಂಡುಬಿಡಿ."