ಹಿತ್ತಲಿಗೆ ಬಂದ ಜೇಕು

ಹೆದರುವುದಕ್ಕೂ ಒಂದು ಮರ್ಯಾದೆ ಬೇಕು. ಕೆಲವರು ಹಾವಿಗೆ ಹೆದರುತ್ತಾರೆ, ಕೆಲವರು ಮೇಲಧಿಕಾರಿಗೆ. ಕೇಳಿದವರು ಅಯ್ಯೋ ಪಾಪ ಅನ್ನುತ್ತಾರೆ. ನಾನು ಗೇಣುದ್ದದ ಹುಲ್ಲಿಗೆ ಹೆದರುವವನು, ಹೊರಗೆ ಹೇಳಿಕೊಳ್ಳುವ ಹಾಗೂ ಇಲ್ಲ. ಅದರ ಹೆಸರು ಜೇಕು. ನೋಡಲು ಬಡಪಾಯಿ, ತುದಿಯಲ್ಲಿ ಕಂದು ಬಣ್ಣದ ಪುಟ್ಟ ತೆನೆ. ದಂಟನ್ನು ಬೆರಳುಗಳ ನಡುವೆ ಹೊರಳಿಸಿದರೆ ದುಂಡಗಿರುವುದಿಲ್ಲ, ಮೂರು ಅಂಚು ಕೈಗೆ ಸಿಗುತ್ತವೆ. ಕೆರೆಯಂಚಿನಲ್ಲಿ, ಗದ್ದೆಯ ಕೆಸರಿನಲ್ಲಿ ಬೆಳೆಯುವಂಥದ್ದು. ಅದು ವಿನೋಬನಗರದ ಆಚೆ ನಾನು ಕಟ್ಟಿಸಿದ ಮನೆಯ ಹಿತ್ತಲಿನಲ್ಲಿ, ಅದೂ ನಡುಬೇಸಿಗೆಯಲ್ಲಿ, ಹಸಿರಾಗಿ ನಿಂತಿತ್ತು. ಹಾಗಾದರೆ ನನ್ನ ಮನೆ ಎಲ್ಲಿ ನಿಂತಿದೆ? ಅಂದಿನಿಂದ ನನಗೆ ಊಟ ಸೇರಲಿಲ್ಲ. ಬಾಗಿಲು ಕಿರುಗುಟ್ಟಿದರೆ ಮನೆಯೇ ವಾಲಿತೇನೋ ಎಂದು ಓಡಿಹೋಗಿ ಗೋಡೆ ಮುಟ್ಟಿ ನೋಡುತ್ತಿದ್ದೆ.

ಇದೇ ಸಮಯಕ್ಕೆ ಹೆಂಡತಿಯ ಅಣ್ಣ ನಾಗರಾಜ ಭಾವ ನಮ್ಮ ಪಕ್ಕದ ಖಾಲಿ ಸೈಟು ನೋಡಲು ಭದ್ರಾವತಿಯಿಂದ ಬರುವುದೆಂದಾಯಿತು. ಕೊಳ್ಳಿ, ಕೊಳ್ಳಿ ಎಂದು ಹಿಂದೆ ಬಿದ್ದಿದ್ದವನು ನಾನೇ. ಅವರ ಮನೆ ಓಲ್ಡ್ ಟೌನಿನಲ್ಲಿದ್ದರೂ ನೀರಾವರಿ ಚಾನೆಲ್ ಬದಿಯಲ್ಲಿ ಗದ್ದೆ ಇದೆ. ಜೇಕು ಕಿತ್ತೇ ಬೆಳೆದವರು. ಕಂಡರೆ ಸೈಟಿನ ಜೊತೆಗೆ ನನ್ನ ಬುದ್ಧಿಯ ಯೋಗ್ಯತೆಯೂ ಗೊತ್ತಾಗುತ್ತದೆ. ನಾನು ಸುಮ್ಮನಿದ್ದು ಕೊಡಿಸಿದರೆ ಅವರ ಮನೆಯೂ ಕೆಸರಿಗೆ. ಏನೂ ತೋಚದೆ ಅವರು ಬರುವ ದಿನ ಬೆಳಿಗ್ಗೆ ಹಿತ್ತಲಿನ ಜೇಕನ್ನೆಲ್ಲ ಕಿತ್ತು ಹಾಕಿದೆ. "ಏನ್ರೀ, ಹೊಸದಾಗಿ ತೋಟದ ಹುಚ್ಚು?" ಎಂದಳು ನನ್ನ ಹೆಂಡತಿ ಸುಮಾ. ಪಕ್ಕದ ಸೈಟಿನಲ್ಲೂ ಅದೇ ಜೇಕು ಇದೆ ಎಂಬುದು ಮಾತ್ರ ನನಗೆ ಹೊಳೆಯಲಿಲ್ಲ.

ಭಾವ ಬಂದವರೇ ಸೈಟಿಗೆ ಇಳಿದರು, ಬಗ್ಗಿ ಒಂದು ದಂಟು ಕಿತ್ತು ಹೊರಳಿಸಿದರು.

"ಜೇಕು ಇದು. ಕೆರೆ ಅಂಗಳ ಇದ್ದಂಗಿದೆ. ಇಲ್ಲಿ ಮನೆ ಕಟ್ಟೋದಾ? ಭತ್ತ ಹಾಕಿದ್ರೆ ಎರಡು ಬೆಳೆ ಬರುತ್ತೆ." ಆಮೇಲೆ ಕಾಂಪೌಂಡಿನ ಮೇಲಿಂದ ನನ್ನ ಹಿತ್ತಲಿನ ಹಸಿ ಮಣ್ಣು ಕಂಡು, "ನಿಮ್ಮಲ್ಲಿ ಯಾವಾಗ ಕಿತ್ರಿ?" ಎಂದರು.

"ಇವತ್ತು ಬೆಳಿಗ್ಗೆ" ಎಂದೆ.

"ಕಿತ್ರೆ ಹೋಗಲ್ಲ ಮಾರಾಯ್ರೆ, ಬೇರು ಒಳಗೇ ಇರುತ್ತೆ. ಹೆದರ್ಬೇಡಿ, ಪಾಯ ಗಟ್ಟಿ ಇದ್ರೆ ಏನೂ ಆಗಲ್ಲ."

ಅಷ್ಟು ಮಾತಿಗೇ ನನಗೆ ಹೋದ ಜೀವ ಬಂದಂತಾಗಿ, ಮಧ್ಯಾಹ್ನ ಎರಡು ಸಲ ಅನ್ನ ಬಡಿಸಿಕೊಂಡೆ. ಹೊರಡುವಾಗ ಭಾವ ಗೇಟಿನ ಹತ್ತಿರ ತಂಗಿಗೆ ಹೇಳಿದರು: "ಮಳೆ ಜೋರಾದ್ರೆ ಕಾಯ್ತಾ ಕೂರ್ಬೇಡ ಸುಮಾ, ನಮ್ಮನೆಗೆ ಬಂದ್ಬಿಡು. ಬಟ್ಟೆ ಮೊದಲೇ ಕಟ್ಟಿಟ್ಕೊಂಡಿರು."

"ಇವ್ರು?"

ಭಾವ ನನ್ನನ್ನು ಕರುಣೆಯಿಂದ ನೋಡಿದರು. "ಮನೇಲಿ ಒಬ್ರಾದ್ರೂ ಇರ್ಬೇಕಲ್ಲ."

ಸುಮಾ ಅದು ಸರಿ ಎಂಬಂತೆ ತಲೆಯಾಡಿಸಿದಳು. ಅಟ್ಟದ ಮೇಲಿನ ಸೂಟ್‌ಕೇಸು ಅವಳ ಕೈಗೆ ಎಟುಕುವುದಿಲ್ಲ, ನಾನೇ ಇಳಿಸಿಕೊಟ್ಟೆ.