ನಾನು ಬರಿದಾಗಿರಲಿಲ್ಲ

ಈಗ ಹೇಳಹೊರಟಿರುವುದು ಹೀಗೆಯೇ ನಡೆಯಿತೆಂದು ಆಣೆ ಮಾಡಲಾರೆ. ಮೈಸೂರಿನಲ್ಲಿ ತರ್ಕಶಾಸ್ತ್ರ ಓದಿದವನು ನಾನು. ಪ್ರಮಾಣವಿಲ್ಲದೆ ಯಾವುದನ್ನೂ ನಂಬಬಾರದೆಂದು ಅಲ್ಲಿ ಕಲಿತೆ. ಒಂದು ದಿನ ನನ್ನ ನೆನಪಿಗೇ ಪ್ರಮಾಣ ಕೇಳಬೇಕಾದೀತೆಂದು ಯಾರೂ ಕಲಿಸಲಿಲ್ಲ. ಹಾಸನದ ಬಸ್ಸಿನಲ್ಲಿ ಕೊಡೆ ಮರೆತು ಬಂದು, ಕೊಡೆ ಒಯ್ದೇ ಇರಲಿಲ್ಲವೆಂದು ಮನೆಯಲ್ಲಿ ವಾದಿಸಿ ಗೆದ್ದವನ ಮಾತಿದು ಎಂಬುದು ಓದುಗರಿಗೆ ತಿಳಿದಿರಲಿ.

ಐವತ್ತರ ದಶಕದ ಕೊನೆಗೆ ನಾನು ಹೊಳೆನರಸೀಪುರದಲ್ಲಿ ಮೇಷ್ಟ್ರಾಗಿದ್ದೆ. ಪಕ್ಕದ ಮನೆಗೆ ಕಂದಾಯ ಇಲಾಖೆಯಿಂದ ನಿವೃತ್ತರಾದ ಶೇಕದಾರರೊಬ್ಬರು, ವೆಂಕಟರಾಮಯ್ಯನವರು, ಬಂದರು. ಜೀವಮಾನವೆಲ್ಲ ಜನರ ಕಣಜ ಎಷ್ಟು ತುಂಬಿದೆ ಎಂದು ಇಣುಕಿ ನೋಡಿದವರಿಗೆ ಪಿಂಚಣಿ ಬಂದ ಮೇಲೆ ಖಾಲಿಯಲ್ಲಿ ಮೋಕ್ಷ ಕಂಡಿತು. ಮೂರೇ ತಿಂಗಳಲ್ಲಿ ಒಂದು ಪಂಥ ಹುಟ್ಟಿತು, ಬರಿದು ಕೂಟ. ಭಾನುವಾರ ಬೆಳಿಗ್ಗೆ ಪ್ರತಿಯೊಬ್ಬನೂ ಮನೆಯಲ್ಲಿ ಅಕ್ಕಿ ಅಳೆಯುವ ಸೇರನ್ನು ಖಾಲಿಯಾಗಿ ತಂದು, ಎದುರಿಗಿಟ್ಟುಕೊಂಡು, ಅದರೊಳಗೇ ನೋಡುತ್ತ ಕೂರಬೇಕು. ಸೇರಿನ ಒಳಗಿಗೂ ತಲೆಯ ಒಳಗಿಗೂ ವ್ಯತ್ಯಾಸ ಅಳಿದಾಗ ಜ್ಞಾನೋದಯ. ಹಾಗೆ ಬರಿದಾದವನ ಸೇರಿನ ತಳಕ್ಕೆ ಗುರುಗಳು ಮೊಳೆಯಿಂದ ಒಂದು ಸೊನ್ನೆ ಗೀಚುವರು. ಅದೇ ಪಂಥದ ಪರಮ ಪದವಿ. ಆ ಪದವಿಯನ್ನು ನಾನು ಶಾಲೆಯಲ್ಲಿ ದಿನವೂ ಹತ್ತಾರು ಜನಕ್ಕೆ ಪುಕ್ಕಟೆ ದಯಪಾಲಿಸುತ್ತಿದ್ದೆ.

"ಭಾನುವಾರವೆಲ್ಲ ನನ್ನ ಹತ್ತಿರ ವಾದ ಮಾಡೋ ಬದಲು ಅಲ್ಲಿ ಹೋಗಿ ಮಾಡಿ" ಎಂದು ನನ್ನ ಹೆಂಡತಿ ಶಾರದೆ ಸೇರನ್ನು ಕೈಗಿಟ್ಟಳು. ನಾನು ಹೋದದ್ದು ಖಂಡಿಸುವುದಕ್ಕೆ. ಈ ಮಾತನ್ನು ಇಂದಿಗೂ ಬಿಟ್ಟುಕೊಡುವುದಿಲ್ಲ.

ನನ್ನ ನೆನಪಿನ ಪ್ರಕಾರ, ಜೇಬಿನಲ್ಲಿ ಒಯ್ದಿದ್ದ ಅಕ್ಕಿಯನ್ನು ಎಲ್ಲರೆದುರು ಸೇರಿಗೆ ಸುರಿದು, "ಸ್ವಾಮಿ, ಬರಿದೇ ಸತ್ಯವಾದರೆ ಮಧ್ಯಾಹ್ನ ಊಟಕ್ಕೇಕೆ ಏಳುತ್ತೀರಿ?" ಎಂದೆ. ಗುರುಗಳು ತಮ್ಮ ಸೇರನ್ನು ಎತ್ತಿಕೊಂಡು ಒಳಗೆ ನಡೆದರು. ಕೂಟ ಮುರಿಯಿತು, ಅವರು ಅರಕಲಗೂಡಿನ ಮಗಳ ಮನೆಗೆ ಹೊರಟುಹೋದರು. ನಾನು ಯಾರಿಗೂ ತಲೆಬಾಗದ ವಿಚಾರವಾದಿ ಎಂಬುದಕ್ಕೆ ನನ್ನ ಬಳಿ ಇದ್ದ ಸಾಕ್ಷಿ ಇದೊಂದೇ. ಅದಕ್ಕೇ ಹತ್ತು ವರ್ಷದಿಂದ ಸಿಕ್ಕಸಿಕ್ಕವರಿಗೆಲ್ಲ ಹೇಳುತ್ತ ಬಂದೆ.

ಮೊನ್ನೆ ಚನ್ನರಾಯಪಟ್ಟಣದ ಮದುವೆಯೊಂದರಲ್ಲಿ ಊಟಕ್ಕೆ ಕೂತಾಗಲೂ ಹೇಳಿದೆ. ಪಕ್ಕದ ಎಲೆಯವರು ಪುಟ್ಟೇಗೌಡರು, ಕೂಟದ ಹಳೆಯ ಸದಸ್ಯರು ಎಂಬುದು ಅವರು ಬಾಯಿ ಬಿಟ್ಟ ಮೇಲೆ ಗೊತ್ತಾಯಿತು.

"ಅಯ್, ಬುಡಿ ಸಾ. ನಿಮ್ ಪಕ್ಕದಾಗೆ ಕುಂತಿದ್ದೋನು ನಾನೇ ಕಣ. ನೀವು ಗ್ವಾಡೆಗೆ ಒರಗಿ ಗೊರ್ಕೆ ಒಡೀತಿದ್ರಿ. ಸೇರ್‌ನಾಗೆ ನಾಕು ಕಾಳು ಅಕ್ಕಿ ಇತ್ತು. ಸೇಕದಾರ್ರು ಬಗ್ಗಿ ನೋಡಿ, 'ಕಣ್ಮುಂದೆ ಅಕ್ಕಿ ಇದ್ರೂ ಕಾಣ್ದಂಗೆ ಬರಿದಾಗವ್ರಲ್ಲಪ್ಪಾ ಮೇಷ್ಟ್ರು!' ಅಂತ ಕೈ ಮುಗುದ್ರು. ಸೊನ್ನೆ ಗೀಚುದ್ರು. ಮೊಳೆ ಕರಕರ ಅಂದ್ರೂ ನೀವು ಏಳ್ನಿಲ್ಲ."

"ಆ ಅಕ್ಕಿ ನಾನು ಹಾಕಿದ್ದು!"

"ನೀವು ಆಕುದ್ರೋ, ಅಮ್ಮಾವ್ರು ಆಕುದ್ರೋ, ನಂಗೇನ್ ಗೊತ್ತು ಸಾ? ಪಾಯಸ ತಣ್ಣಗಾಯ್ತದೆ, ಉಣ್ಣಿ."

ಪಂಕ್ತಿಯೆಲ್ಲ ನಕ್ಕಿತು. ಮನೆಗೆ ಬಂದು ಶಾರದೆಯನ್ನು ವಿಚಾರಿಸಿದೆ.

"ಅಕ್ಕಿ ಸೇರನ್ನ ಬರಿದಾಗಿ ಹೊಸಿಲು ದಾಟಿಸ್ತಾರೇನ್ರಿ? ನಮ್ಮಮ್ಮ ಕಂಡಿದ್ರೆ ಚರ್ಮ ಸುಲೀತಿದ್ಲು. ಪ್ರತಿ ಭಾನುವಾರ ನಾಲ್ಕು ಕಾಳು ನಾನೇ ಹಾಕಿ ಕಳಿಸ್ತಿದ್ದೆ."

"ಪ್ರತಿ ಭಾನುವಾರವೇ? ನಾನು ಹೋದದ್ದು ಒಂದು ಸಲ!"

"ಅವರು ಊರು ಬಿಡೋವರೆಗೂ ಹೋದ್ರಿ. ಬಂದು ಚೆನ್ನಾಗಿ ಊಟ ಮಾಡ್ತಿದ್ರಿ. ನಿಮ್ಮ ಕತೆ ಕೆಡಿಸಬಾರದು ಅಂತ ಇಷ್ಟು ವರ್ಷ ಸುಮ್ಮನಿದ್ದೆ."

ನಾನು ಒಪ್ಪಲಿಲ್ಲ. ನಿದ್ದೆ ಬೇರೆ, ಶೂನ್ಯ ಬೇರೆ. ಗೊರಕೆ ಹೊಡೆಯುವವನೊಳಗೆ ಕಡೇಪಕ್ಷ ಗಾಳಿಯಾದರೂ ಇರುತ್ತದೆ. ಗೌಡರ ನೆನಪಿಗೂ ನನ್ನದರಷ್ಟೇ ವಯಸ್ಸಾಗಿದೆ. ಹೆಂಡತಿಯ ನೆನಪಂತೂ ಮದುವೆಯಾದಂದಿನಿಂದ ನನ್ನ ವಿರುದ್ಧ ಪಕ್ಷದಲ್ಲೇ ಇದೆ. ಎರಡು ನೆನಪು ಕೂಡಿದರೆ ಒಂದು ಪ್ರಮಾಣವಾಗುವುದಿಲ್ಲ. ನಾನು ಬರಿದಾಗಿರಲಿಲ್ಲ, ಯಾವ ಗುರುವಿನ ಮೊಳೆಗೂ ತಲೆಯೊಡ್ಡಿರಲಿಲ್ಲ. ಯಾರ ಮುಂದೆ ಬೇಕಾದರೂ ಎದೆ ತಟ್ಟಿ ಹೇಳುತ್ತೇನೆ.

ಕಿಲೋ ಬಂದ ಮೇಲೆ ಆ ಹಿತ್ತಾಳೆ ಸೇರು ಅಟ್ಟ ಹತ್ತಿತ್ತು. ನಿನ್ನೆ ಏಣಿ ಹಾಕಿ ಇಳಿಸಿದೆ. ಒಳಗೆ ನಾಲ್ಕು ಕಾಳು ಅಕ್ಕಿ ಇತ್ತು. ತಳಕ್ಕೆ ಹುಣಸೆಹಣ್ಣು ಹಚ್ಚಿ ಉಜ್ಜಿ, ಬಿಸಿಲಿಗೆ ಹಿಡಿದು ನೋಡಿದೆ.

ಸ್ವಲ್ಪ ಸೊಟ್ಟಗಿದೆ. ಆದರೆ ಸೊನ್ನೆಯೇ.